ವೀಸಾ ತಡೆದ ಜುಗಲ್‌ಬಂದಿ

2010ರಲ್ಲಿ ಹೊರಬಂದ ‘ಆಫ್ರೊಕ್ಯೂಬಿಸಂ’ ಆಲ್ಬಂನಲ್ಲಿ ಕ್ಯೂಬಾದ ಎಲಿಯಾದೆಸ್ ಒಚೋವಾ ಸ್ಪ್ಯಾನಿಷ್‌ನಲ್ಲಿ ಹಾಡುತ್ತಾರೆ, ಪಶ್ಚಿಮ ಆಫ್ರಿಕಾದ ಮಾಲಿಯ ಕಾಸೆ ಮಾದಿ ಜಬಾಟೆ ತಮ್ಮ ಮಾಂದೆ ನುಡಿಯಲ್ಲಿ. ಇಷ್ಟು ದೂರದ ಎರಡು ನುಡಿಗಳು ಹೇಗೆ ಕೂಡಿದವೆಂದು ಬೆರಗಾಗುವವರು ಇನ್ನೊಂದನ್ನೂ ಕೇಳಬೇಕು: ಇವು ಕೂಡಲು ಇಷ್ಟು ತಡವೇಕಾಯಿತು?

ಈ ಆಲ್ಬಂ 1996ರಲ್ಲೇ ಆಗಬೇಕಿತ್ತು. ಬ್ರಿಟನ್ನಿನ ‘ವರ್ಲ್ಡ್ ಸರ್ಕ್ಯೂಟ್’ ಸಂಸ್ಥೆಯ ನಿಕ್ ಗೋಲ್ಡ್ ಕ್ಯೂಬಾದ ರಾಜಧಾನಿ ಹವಾನಾದ ಎಗ್ರೆಮ್ ಸ್ಟುಡಿಯೋವನ್ನು ಕಾದಿರಿಸಿದ್ದರು. ಮಾಲಿಯಿಂದ ಗಿಟಾರ್ ವಾದಕ ಜೆಲಿಮಾದಿ ಟುಂಕಾರಾ, ಎನ್‌ಗೋನಿ ಎಂಬ ತಂತಿವಾದ್ಯ ನುಡಿಸುವ ಬಾಸೆಕು ಕುಯಾಟೆ ಬರಬೇಕಿತ್ತು. ವೀಸಾ ತೊಡಕಿನಿಂದ ಬರಲಾಗಲಿಲ್ಲ. ಸ್ಟುಡಿಯೋ ಇದೆ, ಅತಿಥಿಗಳಿಲ್ಲ. ಅಮೆರಿಕದ ಗಿಟಾರ್ ವಾದಕ ರೈ ಕೂಡರ್ ಮತ್ತು ಹವಾನಾದ ಸಂಗೀತಗಾರ ಹುವಾನ್ ದೆ ಮಾರ್ಕೋಸ್ ಗೊನ್ಸಾಲೆಸ್ ಸೇರಿ, ಜನ ಮರೆತಿದ್ದ ಕ್ಯೂಬಾದ ಹಿರಿಯ ಕಲಾವಿದರನ್ನು ಒಟ್ಟುಗೂಡಿಸಿದರು. ಅವರಲ್ಲಿ ಇಬ್ರಾಹಿಂ ಫೆರೆರ್ ಆಗ ಬೂಟ್ ಪಾಲಿಶ್ ಮಾಡಿ ಬದುಕುತ್ತಿದ್ದರು. ಹಾಗೆ ಹುಟ್ಟಿದ್ದೇ 1997ರ ‘ಬುಯೆನಾ ವಿಸ್ತಾ ಸೋಷಿಯಲ್ ಕ್ಲಬ್’ ಆಲ್ಬಂ. ಅದಕ್ಕೆ ಗ್ರ್ಯಾಮಿ ಬಂತು, ಲಕ್ಷಾಂತರ ಪ್ರತಿಗಳು ಮಾರಾಟವಾದವು. ಮೂಲ ಯೋಜನೆ ಮಾತ್ರ ಮೂಲೆ ಸೇರಿತು.

ಆ ಎರಡು ನಾಡುಗಳು ಪರಸ್ಪರ ಅಪರಿಚಿತವಾಗಿದ್ದವು ಎನ್ನುವುದು ಸುಳ್ಳು. ಗುಲಾಮರಾಗಿ ಹಡಗು ಹತ್ತಿದ ಆಫ್ರಿಕನ್ನರ ಲಯ ಕ್ಯೂಬಾದ ಹಾಡುಗಳಲ್ಲಿ ಬೇರೂರಿತ್ತು. 1930ರ ದಶಕದಿಂದ ಎಚ್‌ಎಂವಿಯ ‘ಜಿ.ವಿ.’ ಸರಣಿಯ ಗ್ರಾಮಫೋನ್ ತಟ್ಟೆಗಳಲ್ಲಿ ಆ ಹಾಡುಗಳು ಆಫ್ರಿಕಾಕ್ಕೆ ಮರಳಿದವು. 1960ರಲ್ಲಿ ಸ್ವತಂತ್ರವಾದ ಮಾಲಿಯ ಸಮಾಜವಾದಿ ಸರ್ಕಾರವಂತೂ ಸಂಗೀತ ಕಲಿಯಲು ಯುವಕರನ್ನು ಹವಾನಾಕ್ಕೇ ಕಳುಹಿಸಿತು. ಅವರು ಅಲ್ಲಿ ಕಟ್ಟಿದ ‘ಲಾಸ್ ಮರಾವಿಯಾಸ್ ದೆ ಮಾಲಿ’ ತಂಡ ಅಪ್ಪಟ ಕ್ಯೂಬನ್ ಶೈಲಿಯಲ್ಲಿ ಹಾಡುತ್ತಿತ್ತು. ಮುಂದೆ ಅದೇ ‘ನ್ಯಾಷನಲ್ ಬಾದೆಮಾ’ ಆಯಿತು; ಅದರ ಪ್ರಮುಖ ಗಾಯಕ ಬೇರಾರೂ ಅಲ್ಲ, ಕಾಸೆ ಮಾದಿ.

ಅಂದರೆ ಭಾಷೆ ಎಂದೂ ಅಡ್ಡಿಯಾಗಿರಲಿಲ್ಲ. ಸರ್ಕಾರಗಳು ಬಯಸಿದಾಗ ಕಲಾವಿದರು ಅಟ್ಲಾಂಟಿಕ್ ದಾಟಿದರು, ಸಂಗೀತ ಕಂಪನಿಯೊಂದು ಕರೆದಾಗ ಕಾಗದಪತ್ರ ಸಿಗಲಿಲ್ಲ. ಕೂಡರ್ ಕೂಡ ಕ್ಯೂಬಾ ಮೇಲಿನ ಅಮೆರಿಕದ ನಿರ್ಬಂಧ ಮೀರಿದ್ದಕ್ಕೆ ದಂಡ ತೆತ್ತವರೇ.

ಕೊನೆಗೆ 2008ರಲ್ಲಿ ಧ್ವನಿಮುದ್ರಣ ನಡೆದದ್ದು ಹವಾನಾದಲ್ಲೂ ಅಲ್ಲ, ಮಾಲಿಯ ರಾಜಧಾನಿ ಬಮಾಕೊದಲ್ಲೂ ಅಲ್ಲ, ಸ್ಪೇನಿನ ಮ್ಯಾಡ್ರಿಡ್‌ನಲ್ಲಿ. ಟುಂಕಾರಾ, ಕುಯಾಟೆ ಇಬ್ಬರೂ ಬಂದರು, ಹಾರ್ಪ್‌ನಂಥ ತಂತಿವಾದ್ಯ ಕೋರಾ ಹಿಡಿದು ಮಾಲಿಯ ಟುಮಾನಿ ಜಬಾಟೆಯೂ ಜೊತೆಯಾದರು. ನನಗೆ ಹಿಡಿಸುವುದು ಹಾಡು ನಿಂತು ತಂತಿಗಳಷ್ಟೇ ಉಳಿಯುವ ಜಾಗಗಳು: ಒಚೋವಾರ ಗಿಟಾರ್ ಅವಸರಿಸುವುದಿಲ್ಲ, ಕೋರಾ ಅದರ ಸುತ್ತ ಎಳೆ ಹೆಣೆಯುತ್ತಾ ಹೋಗುತ್ತದೆ.