ಮಗಳನ್ನು ಹುಡುಕಿಕೊಡಿ ಎಂಬ ಅರ್ಜಿಯ ಕಥೆ

ಹೇಬಿಯಸ್ ಕಾರ್ಪಸ್ ಅಂದರೆ ‘ಆಳನ್ನು ತಂದು ಕೋರ್ಟಿನ ಮುಂದೆ ನಿಲ್ಲಿಸು’ ಎಂದು ಹೆಚ್ಚುಕಡಿಮೆ ಅರ್ಥ. ಇಂಗ್ಲೆಂಡಿನಲ್ಲಿ 1679ರಲ್ಲಿ ಇದಕ್ಕೊಂದು ಕಾಯ್ದೆಯೇ ಬಂತು. ಕೇಳುವ ಪ್ರಶ್ನೆ ಒಂದೇ: ಇವನನ್ನು ಯಾವ ಅಧಿಕಾರದಲ್ಲಿ ಹಿಡಿದಿಟ್ಟಿದ್ದೀರಿ? ಉತ್ತರ ಹೇಳಬೇಕಾದವನು ಹಿಡಿದಿಟ್ಟವನು. ಈ ಮಾತು ನೆನಪಿರಲಿ.

ತುರ್ತು ಪರಿಸ್ಥಿತಿ ಶುರುವಾದಾಗ ಬೆಂಗಳೂರಿನಲ್ಲಿ ಬಂಧಿತರಾದ ವಾಜಪೇಯಿ, ಆಡ್ವಾಣಿ ಅವರೂ ನಮ್ಮ ಹೈಕೋರ್ಟಿಗೆ ಇದೇ ಅರ್ಜಿ ಹಾಕಿದ್ದರು. 1976ರಲ್ಲಿ ಸುಪ್ರೀಂ ಕೋರ್ಟ್, ಈ ಹೊತ್ತಿನಲ್ಲಿ ಆ ಪ್ರಶ್ನೆ ಕೇಳುವಂತಿಲ್ಲ ಎಂದುಬಿಟ್ಟಿತು. ಐವರಲ್ಲಿ ಒಪ್ಪದವರು ಎಚ್.ಆರ್. ಖನ್ನಾ ಒಬ್ಬರೇ.

ಇವತ್ತು ಇದೇ ಅರ್ಜಿ ಹಿಡಿದು ಅಪ್ಪ ಅಮ್ಮಂದಿರೂ ಬರುತ್ತಾರೆ. ಮಗಳು ಮನೆ ಬಿಟ್ಟಿರುತ್ತಾಳೆ. ಠಾಣೆಯಲ್ಲಿ ಮಿಸ್ಸಿಂಗ್ ಕಂಪ್ಲೇಂಟ್ ಆಗಿರುತ್ತದೆ. ಪೊಲೀಸರು ಅವಳನ್ನು ಹುಡುಕಿ ನ್ಯಾಯಮೂರ್ತಿಗಳ ಮುಂದೆ ತರುತ್ತಾರೆ. ಹದಿನೆಂಟು ತುಂಬಿದೆಯಾ, ಯಾರಾದರೂ ಕೂಡಿಹಾಕಿದ್ದಾರಾ, ಎಲ್ಲಿಗೆ ಹೋಗ್ತೀಯಮ್ಮಾ? ಇಷ್ಟು ಕೇಳಿದರೆ ಮುಗಿಯಬೇಕು. ಮುಗಿಯುವುದಿಲ್ಲ. ಯಾಕೆ ಹೋದೆ, ಯಾರ ಜೊತೆ ಹೋದೆ ಎಂಬ ಪ್ರಶ್ನೆಗಳು ಅವಳ ಮೇಲೇ ಬೀಳುತ್ತವೆ.

2009ರಲ್ಲಿ ನಮ್ಮ ಹೈಕೋರ್ಟಿನಲ್ಲೇ ಹೀಗಾಯಿತು. ಬೇರೆ ಧರ್ಮದ ಹುಡುಗನನ್ನು ಮದುವೆಯಾದ ಮೇಜರ್ ಹುಡುಗಿ, ನಾನೇ ಇಷ್ಟಪಟ್ಟು ಹೋದೆ ಎಂದಳು. ಆದರೂ ಇಂಥ ಮದುವೆ, ಮತಾಂತರಗಳ ಹಿಂದೆ ಸಂಚಿದೆಯಾ ಎಂಬ ತನಿಖೆ ಮುಗಿಯುವ ತನಕ ತವರಲ್ಲಿರು ಎಂದಿತು ಕೋರ್ಟು. ತನಿಖೆಯಲ್ಲಿ ಸಂಘಟಿತ ಸಂಚಿನ ಸುಳಿವು ಸಿಗಲಿಲ್ಲ.

ಎಂಟು ವರ್ಷದ ಮೇಲೆ ಕೇರಳದಲ್ಲಿ ಅದೇ ಕಥೆ ಇನ್ನೂ ದೊಡ್ಡದಾಗಿ ನಡೆಯಿತು. ಹಾದಿಯಾ ಪ್ರಕರಣ ಗೊತ್ತಲ್ವಾ? ಹೋಮಿಯೋಪಥಿ ಓದುತ್ತಿದ್ದ ಆಕೆ ಇಸ್ಲಾಂಗೆ ಮತಾಂತರವಾಗಿದ್ದರು. ತಂದೆಯ ಮೊದಲ ಅರ್ಜಿ ನಿಲ್ಲಲಿಲ್ಲ. ಎರಡನೆಯದು ನಡೆಯುತ್ತಿರುವಾಗಲೇ ಮದುವೆಯಾದರು. 2017ರ ಮೇ 24ರಂದು ಕೇರಳ ಹೈಕೋರ್ಟ್ ಆ ಮದುವೆಯನ್ನೇ ರದ್ದು ಮಾಡಿ ಆಕೆಯನ್ನು ತಂದೆಯ ಮನೆಗೆ ಕಳಿಸಿತು. ಆಕೆಗೆ ಆಗ 24 ವರ್ಷ. ಮದುವೆಯಂಥ ನಿರ್ಧಾರಕ್ಕೆ ಹೆತ್ತವರು ಜೊತೆಗಿರಲೇಬೇಕು ಎಂಬುದು ಆ ತೀರ್ಪಿನ ಧಾಟಿ. ನನಗೆ ಇದು ಕೋರ್ಟಿನ ಮಾತಿಗಿಂತ ಜಾಸ್ತಿ ಜಗಲಿ ಪಂಚಾಯಿತಿಯ ಮಾತಿನ ಹಾಗೆ ಕೇಳಿಸುತ್ತದೆ. ಆಳು ಎಲ್ಲಿ ಎಂದು ಕೇಳುವ ಅರ್ಜಿಯಲ್ಲಿ ಮದುವೆ ಮುರಿಯುವ ಅಧಿಕಾರ ಎಲ್ಲಿಂದ ಬಂತು?

ಆ ಆಗಸ್ಟ್ 16ರಂದು ಸುಪ್ರೀಂ ಕೋರ್ಟ್ ಈ ಪ್ರಕರಣದ ತನಿಖೆ ನಡೆಸಲು ರಾಷ್ಟ್ರೀಯ ತನಿಖಾ ಸಂಸ್ಥೆಗೆ (ಎನ್‌ಐಎ) ಹೇಳಿತು. ಎಂಟೇ ದಿನ ಕಳೆದು, ಅದೇ ಕೋರ್ಟಿನ ಒಂಬತ್ತು ನ್ಯಾಯಮೂರ್ತಿಗಳು ಖಾಸಗಿತನ ಮೂಲಭೂತ ಹಕ್ಕು ಎಂದರು. 1976ರ ತೀರ್ಪನ್ನೂ ಅಲ್ಲೇ ತೆಗೆದುಹಾಕಿದರು. ಆ ಖಾಸಗಿತನದ ಕೇಸು ಹಾಕಿದವರು ಕರ್ನಾಟಕ ಹೈಕೋರ್ಟಿನ ನಿವೃತ್ತ ನ್ಯಾಯಮೂರ್ತಿ ಕೆ.ಎಸ್. ಪುಟ್ಟಸ್ವಾಮಿ. ಹಾದಿಯಾ ಮಾತ್ರ ಆಗಿನ್ನೂ ತಂದೆಯ ಮನೆಯಲ್ಲೇ ಇದ್ದರು. ನವೆಂಬರ್ 27ರಂದು ಕೋರ್ಟು ಆಕೆಯ ಮಾತು ಕೇಳಿ ಸೇಲಂನ ಕಾಲೇಜಿಗೆ ಕಳಿಸಿತು. ಮದುವೆ ಮತ್ತೆ ಊರ್ಜಿತವಾಗಿದ್ದು 2018ರ ಮಾರ್ಚ್ 8ರಂದು.

2020ರ ನವೆಂಬರ್‌ನಲ್ಲಿ ಬೆಂಗಳೂರಿನ ಕೇಸಿನಲ್ಲಿ ಅರ್ಜಿ ಹಾಕಿದವನೇ ಬೇರೆ. ಅಪ್ಪನಲ್ಲ, ಮದುವೆಯಾಗಬೇಕೆಂದಿದ್ದ ಹುಡುಗ. ಹುಡುಗಿ ಸಾಫ್ಟ್‌ವೇರ್ ಇಂಜಿನಿಯರ್, ಅವಳನ್ನು ಮಹಿಳಾ ಆಶ್ರಯ ಕೇಂದ್ರವೊಂದರಲ್ಲಿ ಇಡಲಾಗಿತ್ತು. ವಯಸ್ಸಿಗೆ ಬಂದವರು ಇಷ್ಟಪಟ್ಟವರನ್ನು ಮದುವೆಯಾಗುವುದು ಮೂಲಭೂತ ಹಕ್ಕು ಎಂದು ಹೇಳಿ ಹೈಕೋರ್ಟ್ ಅವಳನ್ನು ಕಳಿಸಿಕೊಟ್ಟಿತು.

2024ರ ಮಾರ್ಚ್‌ನಲ್ಲಿ ಸುಪ್ರೀಂ ಕೋರ್ಟಿಗೆ ಬಂದ ಕೇರಳದ ಕೇಸಿನಲ್ಲಿ ಅರ್ಜಿದಾರಳು ಹೆಣ್ಣು. ತನ್ನ ಗೆಳತಿಯನ್ನು ಹೆತ್ತವರೇ ಕೂಡಿಹಾಕಿದ್ದಾರೆ ಎಂಬುದು ದೂರು. ವಿಚಾರಿಸಿದಾಗ ಗೆಳತಿ, ತಾನು ಹೆತ್ತವರ ಜೊತೆಗೇ ಇರುತ್ತೇನೆ ಎಂದಳು. ಅರ್ಜಿ ವಜಾ ಆಯಿತು. ಆದರೆ ಎಲ್ಲ ಹೈಕೋರ್ಟುಗಳಿಗೂ ಸೂಚನೆ ಹೋಯಿತು. ಇಂಥವರನ್ನು ಚೇಂಬರಿನಲ್ಲಿ ಒಬ್ಬರನ್ನೇ ಕೂರಿಸಿ ಮಾತಾಡಿಸಿ. ಮನೆಯವರು, ಪೊಲೀಸರು ಅವರ ಮೇಲೆ ಒತ್ತಡ ಹಾಕದಂತೆ ನೋಡಿಕೊಳ್ಳಿ. ಮನಸ್ಸು ಬದಲಿಸಲು ಕೌನ್ಸೆಲಿಂಗ್‌ಗೆ ಕಳಿಸಬೇಡಿ. ಕೂರಲು ಸರಿಯಾದ ಕುರ್ಚಿ, ಕುಡಿಯಲು ನೀರು ಕೊಡಿ.