ಸ್ಟಾರ್ ಆಟಗಾರರಿಗೆ ಮಾತ್ರ ಮೈಕ್ ಸಿಗುತ್ತದಾ?

ಪ್ರಶ್ನೆ: ಅಮೆರಿಕದಲ್ಲಿ ಬೇಸ್‌ಬಾಲ್ ಆಡಿ ನಿವೃತ್ತರಾದವರು ಕಾಮೆಂಟರಿಗೆ ಬರುವುದು ಹೇಗೆ? ದೊಡ್ಡ ಸ್ಟಾರ್ ಆಗಿದ್ದರೆ ತಾನೇ ಕರೆಯುತ್ತಾರೆ?

ಮೊದಲನೆಯದಕ್ಕೆ ಉತ್ತರ ಚಿಕ್ಕದು. ಒಂದು ತಂಡ ಸೀಸನ್‌ಗೆ 162 ಪಂದ್ಯ ಆಡುತ್ತದೆ. ರೇಡಿಯೋ, ಟಿವಿ ಎರಡರಲ್ಲೂ ಮಾತಾಡುವವರು ಬೇಕು. ಹಾಗಾಗಿ ಎಷ್ಟೋ ಜನ ತಾವು ಆಡಿದ ತಂಡದ ಕಡೆಯಿಂದಲೇ ಒಳಗೆ ಬರುತ್ತಾರೆ.

ಇನ್ನು ಆ ಸ್ಟಾರ್ ವಿಷಯ. ಇದನ್ನು ಎಷ್ಟು ಸಲ ಹೇಳಿದ್ದೇನೋ ಲೆಕ್ಕ ಇಲ್ಲ, ಆದರೂ ಮತ್ತೆ ಹೇಳುತ್ತೇನೆ: ಅದು ಸುಳ್ಳು.

ಬಾಬ್ ಯೂಕರ್ ಅವರನ್ನೇ ನೋಡಿ. 1962ರಿಂದ 1967ರವರೆಗೆ ಆರು ಸೀಸನ್ ಆಡಿದರು. ಬ್ಯಾಟಿಂಗ್ ಸರಾಸರಿ .200, ಅಂದರೆ ಹತ್ತು ಸಲ ಬ್ಯಾಟ್ ಹಿಡಿದರೆ ಎರಡು ಹಿಟ್ (ಚೆಂಡು ಹೊಡೆದು ಸುರಕ್ಷಿತವಾಗಿ ಬೇಸ್ ತಲುಪುವುದು). ಒಟ್ಟು ಹೋಮ್ ರನ್, ಅಂದರೆ ನಮ್ಮ ಸಿಕ್ಸರ್‌ನಂಥ ಹೊಡೆತ, 14. ಕ್ಯಾಚರ್ ಆಗಿದ್ದರು, ಅಂದರೆ ನಮ್ಮ ವಿಕೆಟ್‌ಕೀಪರ್ ಇರುವ ಜಾಗ. ಅಲ್ಲೂ 1967ರಲ್ಲಿ ಫಿಲ್ ನೀಕ್ರೋ ಎಸೆಯುತ್ತಿದ್ದ ನಕಲ್‌ಬಾಲ್ (ಹೆಚ್ಚು ಸುತ್ತದೆ ಓಲಾಡುತ್ತಾ ಬರುವ ಚೆಂಡು) ಹಿಡಿಯಲಾಗದೆ ಲೀಗ್‌ನಲ್ಲೇ ಅತಿ ಹೆಚ್ಚು ಚೆಂಡು ಕೈಬಿಟ್ಟವರು ಇವರೇ, 27. ಇಂಥವರು 1971ರಲ್ಲಿ ಮಿಲ್ವಾಕೀ ಬ್ರೂವರ್ಸ್ ತಂಡದ ರೇಡಿಯೋದಲ್ಲಿ ಮೈಕ್ ಹಿಡಿದು 2024ರವರೆಗೂ ಬಿಡಲಿಲ್ಲ. 54 ಸೀಸನ್! 2025ರ ಜನವರಿಯಲ್ಲಿ, 90ನೇ ವಯಸ್ಸಿನಲ್ಲಿ ತೀರಿಕೊಂಡರು.

ಕ್ಯಾಚರ್ ಜಾಗವನ್ನು ಒಮ್ಮೆ ಕಣ್ಣಮುಂದೆ ತಂದುಕೊಳ್ಳಿ. ಉಳಿದ ಎಂಟು ಜನ ಬ್ಯಾಟ್ಸ್‌ಮನ್ ಕಡೆ ಮುಖ ಮಾಡಿ ನಿಂತಿರುತ್ತಾರೆ. ಇವನೊಬ್ಬನೇ ಬ್ಯಾಟ್ಸ್‌ಮನ್ ಹಿಂದೆ ಕುಕ್ಕರಗಾಲಲ್ಲಿ ಕೂತು ಇಡೀ ಮೈದಾನವನ್ನು ಎದುರಿಗೆ ನೋಡುತ್ತಾನೆ. ಯೂಕರ್ ಆಡುತ್ತಿದ್ದ ಕಾಲದಲ್ಲಿ ಯಾವ ಚೆಂಡು ಎಸೆಯಬೇಕು ಅಂತ ತೊಡೆಗಳ ನಡುವೆ ಬೆರಳು ಮಡಚಿ, ಬಿಡಿಸಿ ಸನ್ನೆ ಮಾಡುತ್ತಿದ್ದ. ಯಾವ ಬ್ಯಾಟ್ಸ್‌ಮನ್‌ಗೆ ಎಲ್ಲಿ ಕಷ್ಟ ಅನ್ನುವುದು ಅವನ ತಲೆಯಲ್ಲಿರುತ್ತದೆ. ರೇಡಿಯೋ ಕೇಳುವವರಿಗೆ ಬೇಕಾಗಿರುವುದೂ ಇದೇ ಅಲ್ವಾ? 1964ರಲ್ಲಿ ಸೇಂಟ್ ಲೂಯಿಸ್ ಕಾರ್ಡಿನಲ್ಸ್ ತಂಡ ವರ್ಲ್ಡ್ ಸೀರೀಸ್, ಅಂದರೆ ಸೀಸನ್‌ನ ಫೈನಲ್, ಗೆದ್ದಾಗ ಅಲ್ಲಿ ಮುಖ್ಯ ಕ್ಯಾಚರ್ ಟಿಮ್ ಮೆಕಾರ್ವರ್, ಬದಲಿ ಕ್ಯಾಚರ್ ಯೂಕರ್. ಇಬ್ಬರೂ ಮುಂದೆ ಹೆಸರಾಂತ ಕಾಮೆಂಟೇಟರ್‌ಗಳಾದರು. ಅವರಿಗಿಂತ ಮೊದಲು ಅದೇ ತಂಡದಲ್ಲಿ ಕ್ಯಾಚರ್ ಆಗಿದ್ದ ಜೋ ಗ್ಯಾರಜಿಯೋಲ ಕೂಡ.

ಅಂದಹಾಗೆ, ಯಾರೂ ಕೇಳದಿದ್ದರೂ ಇದನ್ನು ಹೇಳಲೇಬೇಕು. ಈ ಮೂವರಿಗೂ ಕಾಮೆಂಟರಿಗೆ ಕೊಡುವ ಫೋರ್ಡ್ ಫ್ರಿಕ್ ಪ್ರಶಸ್ತಿ ಬಂದಿದೆ, ಯೂಕರ್‌ಗೆ 2003ರಲ್ಲಿ. ಕೊಡುವುದು ಕೂಪರ್ಸ್‌ಟೌನ್ ಊರಿನ ಹಾಲ್ ಆಫ್ ಫೇಮ್, ಅಂದರೆ ಬೇಸ್‌ಬಾಲ್ ದಿಗ್ಗಜರ ಗೌರವ ಭವನ. ಆದರೆ ಆಟಗಾರರ ಕಂಚಿನ ಫಲಕಗಳ ಸಾಲಿನಲ್ಲಿ ಇವರ ಫಲಕ ಇರುವುದಿಲ್ಲ. ಅದು ಬೇರೆ, ಇದು ಬೇರೆ.

ಮಿಲ್ವಾಕೀ ಜನ ಮಾತ್ರ ತಮ್ಮ ಸ್ಟೇಡಿಯಂ ಹೊರಗೆ ದಿಗ್ಗಜ ಆಟಗಾರ ಹ್ಯಾಂಕ್ ಆರನ್ ಪ್ರತಿಮೆಯ ಜೊತೆಗೇ ಯೂಕರ್ ಪ್ರತಿಮೆಯನ್ನೂ ನಿಲ್ಲಿಸಿದ್ದಾರೆ. ಒಳಗೆ ಇನ್ನೊಂದಿದೆ. ಮೇಲಿನ ಸ್ಟ್ಯಾಂಡ್‌ನ ಕಟ್ಟಕಡೆಯ ಸಾಲಿನಲ್ಲಿ ಯೂಕರ್ ಕೂತಿದ್ದಾರೆ, ಪಕ್ಕದ ಸೀಟು ಖಾಲಿ. ಬಂದವರು ಅಲ್ಲಿ ಕೂತು ಫೋಟೋ ತೆಗೆಸಿಕೊಳ್ಳುತ್ತಾರೆ.