ಆಡು, ಹಕ್ಕಿ ತಿಂದದ್ದನ್ನು ನಾವೂ ತಿನ್ನಬಹುದಾ?

ಬಾದಾಮಿ ಕಡೆಯ ಓದುಗರೊಬ್ಬರು ಕೇಳಿದ್ದಾರೆ: "ರಜೆ ಬಂದರೆ ಮಕ್ಕಳು ಆಡಿನ ಹಿಂದೆ ಗುಡ್ಡಕ್ಕೆ ಹೋಗುತ್ತಾರೆ, ಸಿಕ್ಕ ಹಣ್ಣು-ಕಾಯಿ ಬಾಯಿಗೆ ಹಾಕುತ್ತಾರೆ. ಆಡೋ ಹಕ್ಕಿಯೋ ತಿಂದದ್ದನ್ನು ಮಾತ್ರ ತಿನ್ನಿ ಅಂತ ನಮ್ಮ ಮಾವ ಹೇಳುತ್ತಿದ್ದರು. ಇದು ಸರಿನಾ?"

ಸರಿ ಅಲ್ಲ. ನಿಮ್ಮ ಮಾವನವರ ಮೇಲೆ ಗೌರವ ಇಟ್ಟುಕೊಂಡೇ ಹೇಳುತ್ತಿದ್ದೇನೆ.

ಹಳದಿ ಕಣಗಿಲ ನೋಡಿದ್ದೀರಲ್ವಾ, ಗಂಟೆಯಂಥ ಹೂವಿನದು, ಪೂಜೆಗೆ ಬೇಕು ಅಂತ ಅಂಗಳದಲ್ಲೇ ಬೆಳೆಸಿರುತ್ತಾರೆ. ಅದರ ಹಣ್ಣನ್ನು ಕೋಗಿಲೆ ತಿಂದು ಆರಾಮಾಗಿ ಹಾರಿಹೋಗುತ್ತದೆ. ಅದೇ ಹಣ್ಣಿನ ಬೀಜ ಮನುಷ್ಯನ ಹೊಟ್ಟೆ ಸೇರಿದರೆ ನಾಡಿ ತಪ್ಪುತ್ತದೆ, ಹೃದಯವೇ ನಿಂತುಹೋಗಬಹುದು. ಇನ್ನು ಆಡು. "ಆಡು ಮುಟ್ಟದ ಸೊಪ್ಪಿಲ್ಲ" ಅಂತ ಗಾದೆಯೇ ಇದೆ, ಆದರೆ ಅದು ಮೆಲುಕು ಹಾಕುವ ಪ್ರಾಣಿ, ಅದರ ಹೊಟ್ಟೆಯಲ್ಲಿರುವ ಸೂಕ್ಷ್ಮಜೀವಿಗಳು ಕೆಲವು ವಿಷಗಳನ್ನು ಅಲ್ಲೇ ಒಡೆದುಹಾಕುತ್ತವೆ, ನಮಗೆ ಆ ಸೌಲಭ್ಯ ಇಲ್ಲ. ಒಮ್ಮೊಮ್ಮೆ ಲೆಕ್ಕ ಉಲ್ಟಾನೂ ಆಗುತ್ತದೆ. ನಾವು ದಿನಾ ಜೋಳದ ರೊಟ್ಟಿ ತಿನ್ನುತ್ತೇವೆ, ಅದೇ ಜೋಳದ ಎಳೆ ಪೈರು, ಅದರಲ್ಲೂ ಮಳೆ ತಪ್ಪಿ ಬಾಡಿದ್ದು, ಮೇಯ್ದರೆ ದನ ಸಾಯುತ್ತದೆ. ಅದರಲ್ಲಿ ಸಯನೈಡ್ ಹುಟ್ಟುತ್ತದೆ, ಮೆಲುಕು ಹಾಕುವ ಹೊಟ್ಟೆಯಲ್ಲಿ ಇನ್ನೂ ಬೇಗ.

ಗಿಡ ಮುರಿದಾಗ ಹಾಲು ಬಂದರೆ ವಿಷ ಅನ್ನುವುದೂ ಪಕ್ಕಾ ಅಲ್ಲ. ರೊಟ್ಟಿ ಜೊತೆ ಹಸಿಯಾಗಿ ತಿನ್ನುವ ಹಕ್ಕರಕಿ ಮುರಿದರೂ ಹಾಲು ಬರುತ್ತದೆ, ಕವಳಿಕಾಯಿ ಕಿತ್ತರೂ ಬರುತ್ತದೆ. ತಮಾಷೆ ಅಂದರೆ ಕವಳಿ ಮತ್ತು ಕಣಗಿಲ ಒಂದೇ ಕುಟುಂಬದ ಗಿಡಗಳು. ಕುದಿಸಿದರೆ ಹೋಗುತ್ತದೆ ಅಂತೀರಾ? ಕಣಗಿಲದ ವಿಷ ಕುದಿಸಿದರೂ ಹೋಗುವುದಿಲ್ಲ, ಎಲೆ ಒಣಗಿದರೂ ಹೋಗುವುದಿಲ್ಲ.

ರುಚಿಯನ್ನಂತೂ ನಂಬಲೇಬೇಡಿ, ಇದು ನನ್ನ ಸ್ವಂತ ಅನುಭವ. ಐದನೇ ಇಯತ್ತೆಯಲ್ಲಿದ್ದಾಗ ನಾವು ನಾಲ್ಕು ಜನ ಹೊಲದ ಬದುವಿನಲ್ಲಿದ್ದ ಕಾಡು ಔಡಲದ, ಅಂದರೆ ಜಟ್ರೋಫಾದ, ಬೀಜ ಒಡೆದು ತಿಂದೆವು. ಕಹಿ ಇಲ್ಲ, ಏನಿಲ್ಲ, ಥೇಟ್ ಶೇಂಗಾ! ನಾನು ಆಸೆಬುರುಕ, ಇನ್ನೆರಡು ಜಾಸ್ತಿ ತಿಂದೆ. ಮನೆ ಮುಟ್ಟುವಷ್ಟರಲ್ಲಿ ವಾಂತಿ, ಭೇದಿ, ಗಂಟಲೆಲ್ಲ ಉರಿ. ಆ ರಾತ್ರಿ ದವಾಖಾನೆಯಲ್ಲಿ ಸಲೈನ್ ಹಚ್ಚಿಕೊಂಡು ಮಲಗಿದ್ದೆ. ಆಡು ಆ ಗಿಡವನ್ನು ಮೂಸುವುದೂ ಕಡಿಮೆ, ಅದಕ್ಕೇ ಅದನ್ನು ಬೇಲಿಗೆ ಹಚ್ಚುವುದು ಅಂತ ಆಮೇಲೆ ಗೊತ್ತಾಯಿತು.

ಹಾಗಾಗಿ ಉಳಿಯುವುದು ಒಂದೇ ದಾರಿ, ಗಿಡವನ್ನೇ ಗುರುತು ಹಿಡಿಯುವುದು. ಮಕ್ಕಳಿಗೆ ಮೊದಲು ತೋರಿಸಬೇಕಾದ್ದು ಕಾಡು ಔಡಲ, ಔಡಲ, ಎರಡೂ ಕಣಗಿಲ, ಅಂದರೆ ಹಳದಿಯದು ಮತ್ತು ಕೆಂಪು-ಬಿಳಿ ಹೂವಿನದು. ಆಮೇಲೆ ಗುಲಗಂಜಿ: ಕೆಂಪು ಕಾಳು, ಕಪ್ಪು ಚುಕ್ಕೆ, ಹಿಂದೆ ಪತ್ತಾರರು ಬಂಗಾರ ತೂಗಲು ಇಟ್ಟುಕೊಳ್ಳುತ್ತಿದ್ದರು. ಇಡೀ ಕಾಳು ನುಂಗಿದರೆ ಗಟ್ಟಿ ಸಿಪ್ಪೆಯಿಂದಾಗಿ ಹಾಗೇ ಹೊರಗೆ ಹೋಗಬಹುದು, ಅಗಿದರೆ ಜೀವಕ್ಕೇ ಅಪಾಯ. ಮುಳ್ಳುಕಾಯಿಯ ಮದ್ದುಗುಣಿಕೆ ತಿಂದವರ ಬಾಯಿ ಒಣಗುತ್ತದೆ, ಕಣ್ಣಿನ ಪಾಪೆ ಅಗಲವಾಗುತ್ತದೆ, ಇಲ್ಲದ್ದನ್ನು ಹಿಡಿಯಲು ಗಾಳಿಯಲ್ಲಿ ಕೈ ಆಡಿಸುತ್ತಾರೆ. ಗಾಳಿ ಸೋಕಿದೆ ಅಂತ ಬೇವಿನ ಸೊಪ್ಪು ಹಿಡಿದು ಕೂತು ಹೊತ್ತು ಕಳೆದವರಿದ್ದಾರೆ, ಸುಮ್ನೆ ನಗುವ ಮಾತಲ್ಲ.

ಯಾರಾದರೂ ತಿಂದೇಬಿಟ್ಟರೆ ಬಾಯಲ್ಲಿ ಉಳಿದದ್ದನ್ನು ಉಗುಳಿಸಿ, ನೀರು ಮುಕ್ಕಳಿಸಲು ಹೇಳಿ, 108ಕ್ಕೆ ಫೋನ್ ಮಾಡಿ. ವಾಂತಿ ಮಾಡಿಸಲು ಉಪ್ಪುನೀರು, ಹುಣಸೆನೀರು ಕುಡಿಸಬೇಡಿ, ಗಂಟಲಿಗೆ ಬೆರಳೂ ಹಾಕಬೇಡಿ. ಹುಡುಗ ಆಡಿಕೊಂಡೇ ಇದ್ದಾನೆ ಅಂತ ಕಾಯುತ್ತ ಕೂರಬೇಡಿ, ಗುಲಗಂಜಿ, ಔಡಲದ ವಿಷ ಎಷ್ಟೋ ತಾಸು ಬಿಟ್ಟು ತೋರಿಸಿಕೊಳ್ಳುತ್ತದೆ. ಹೋಗುವಾಗ ಎಲೆ, ಕಾಯಿ ಸಮೇತ ಒಂದು ಟೊಂಗೆ ಮುರಿದು ಚೀಲದಲ್ಲಿ ಹಾಕಿಕೊಳ್ಳಿ, ಡಾಕ್ಟರು ಕೇಳುವ ಮೊದಲ ಪ್ರಶ್ನೆಯೇ "ಏನು ತಿಂದಿದ್ದು?" ಅಂತ. ಟೊಂಗೆ ಮುರಿದ ಕೈಯನ್ನು ಕಣ್ಣಿಗೆ ಹಚ್ಚದೆ ಮೊದಲು ತೊಳೆದುಕೊಳ್ಳಿ.